ಬರೆದವರು ಯಾರು, ಯಾವಾಗ ಬರೆದರು ಎಂಬುದನ್ನೂ ಅಚ್ಚು ಹಾಕಿ

ಸಂಪಾದಕರಿಗೆ,

ಮಾನ್ಯರೇ,

ಮಧ್ಯಯುಗದ ಇಂಗ್ಲೆಂಡಿನ ಬಗ್ಗೆ ನಿಮ್ಮ ಭಾನುವಾರದ ಪುರವಣಿಯಲ್ಲಿ ಬರುತ್ತಿರುವ ಲೇಖನಮಾಲೆಯನ್ನು ಬಿಡದೆ ಓದುತ್ತಿದ್ದೇನೆ. ಬರವಣಿಗೆ ಸೊಗಸಾಗಿದೆ, ಅದರಲ್ಲಿ ಎರಡು ಮಾತಿಲ್ಲ. ಆದರೆ ಮೊದಲ ಕಂತಿನಲ್ಲೇ ಲೇಖಕರು, ಅಂದಿನ ಸನ್ಯಾಸಿಗಳು ಕಂಡದ್ದನ್ನು ಕಂಡ ಹಾಗೆ ಬರೆದಿಟ್ಟಿದ್ದಾರೆ, ಆದ್ದರಿಂದ ಬ್ರಿಟಿಷ್ ಇತಿಹಾಸಕ್ಕೆ ಗಟ್ಟಿ ಬುನಾದಿ ಇದೆ ಎಂದು ಸಾರಿಬಿಟ್ಟರು. ನಾನು ನೌಕರಿಯ ಉದ್ದಕ್ಕೂ ಸರ್ಕಾರಿ ಲೆಕ್ಕಪತ್ರಗಳ ತನಿಖೆ ಮಾಡಿದವನು. ಕಂಡದ್ದನ್ನು ಕಂಡ ಹಾಗೆ ಬರೆದ ಕಡತ ನನ್ನ ಮೇಜಿಗೆ ಬಂದ ನೆನಪಿಲ್ಲ. ಪ್ರತಿಯೊಂದೂ ಯಾರಿಗೋ ಉತ್ತರ ಕೊಡಲು, ಯಾವುದನ್ನೋ ಮುಚ್ಚಿಡಲು ಅಥವಾ ಯಾರದೋ ಕೃಪೆ ಗಳಿಸಲು ಹುಟ್ಟಿಕೊಂಡದ್ದು. ನಿವೃತ್ತಿಯ ನಂತರ ನನಗೆ ಇಂಗ್ಲೆಂಡಿನ ಹಳೆಯ ದಫ್ತರಗಳ ಹುಚ್ಚು ಹತ್ತಿದ್ದೂ ಇದಕ್ಕೇ. ಎಂಟು ಶತಮಾನಗಳ ಹಿಂದಿನ ಗುಮಾಸ್ತರ ಜಾಣತನ, ಸೋಮಾರಿತನ, ಕೈಚಳಕ ಎಲ್ಲವೂ ಅಲ್ಲಿ ಹಾಗೆಯೇ ಉಳಿದಿವೆ. ಆ ಹುಚ್ಚಿನ ಬಲದ ಮೇಲೆ ನಾಲ್ಕು ಮಾತು ಬರೆಯುತ್ತಿದ್ದೇನೆ. ಪತ್ರ ಉದ್ದವಾದರೆ ಕತ್ತರಿ ಹಾಕಿ, ಆದರೆ ಇಸವಿಗಳಿಗೆ ಕೈ ಹಚ್ಚಬೇಡಿ.

ಮೊದಲು ಅಲೆಗಳ ಕಥೆ. ದೊರೆ ಕನ್ಯೂಟ್ ಅಹಂಕಾರದಿಂದ ಸಮುದ್ರಕ್ಕೆ ಆಜ್ಞೆ ಮಾಡಿದ, ಕಾಲು ನೆನೆಸಿಕೊಂಡ ಎಂದು ನಿಮ್ಮ ಪುರವಣಿಯಲ್ಲಿ ಅಚ್ಚಾಗಿದೆ. ಕನ್ಯೂಟ್ ತೀರಿಕೊಂಡದ್ದು 1035ರಲ್ಲಿ. ಈ ಪ್ರಸಂಗವನ್ನು ನಮಗೆ ಮೊದಲು ಹೇಳುವವನು ಹಂಟಿಂಗ್ಡನ್‌ನ ಹೆನ್ರಿ ಎಂಬ ಆರ್ಚ್‌ಡೀಕನ್ (ಬಿಷಪ್ಪರ ಕೈಕೆಳಗಿನ ಚರ್ಚ್ ಅಧಿಕಾರಿ), ಅದೂ ಹನ್ನೆರಡನೆಯ ಶತಮಾನದಲ್ಲಿ, ಹತ್ತಿರ ಹತ್ತಿರ ನೂರು ವರ್ಷ ಕಳೆದ ಮೇಲೆ. ಕನ್ಯೂಟ್‌ನ ಕಾಲದವರು ಯಾರೂ ಇದನ್ನು ಬರೆದಿಲ್ಲ. ಅದಕ್ಕಿಂತ ಹೆಚ್ಚಾಗಿ, ಹೆನ್ರಿಯ ಕಥೆಯಲ್ಲಿ ದೊರೆ ಅಹಂಕಾರಿಯೇ ಅಲ್ಲ. ರಾಜರ ಅಧಿಕಾರ ಎಷ್ಟು ಪೊಳ್ಳು ಎಂದು ತೋರಿಸಲೆಂದೇ ಅವನು ಕುರ್ಚಿ ಹಾಕಿಸಿಕೊಂಡು ಕೂರುತ್ತಾನೆ. ಅಲ್ಲಿಂದಾಚೆಗೆ ಚಿನ್ನದ ಕಿರೀಟವನ್ನು ತಲೆಗೆ ಇಡುವುದನ್ನೇ ಬಿಡುತ್ತಾನೆ. ನಿಮ್ಮ ಲೇಖಕರು ನೂರು ವರ್ಷ ತಡವಾಗಿ ಬಂದ ಸಾಕ್ಷಿಯನ್ನು ಕಟಕಟೆಗೆ ಕರೆದದ್ದಲ್ಲದೆ, ಅವನು ಹೇಳಿದ್ದನ್ನು ತಲೆಕೆಳಗು ಮಾಡಿಯೂ ಬರೆದರು.

ಆಲ್‌ಫ್ರೆಡ್ ದೊರೆ ದನಗಾಹಿಯ ಮನೆಯಲ್ಲಿ ರೊಟ್ಟಿ ಸೀಯಿಸಿದ ಕಥೆಯ ಕಡತ ಇನ್ನೂ ಗೋಜಲಿನದು. ಆಲ್‌ಫ್ರೆಡ್ ಬದುಕಿದ್ದಾಗಲೇ, 893ರಲ್ಲಿ, ಆಸರ್ ಎಂಬ ವೇಲ್ಸ್‌ನ ಪಾದ್ರಿ ಅವನ ಜೀವನಚರಿತ್ರೆ ಬರೆದ. ಅದರಲ್ಲಿ ರೊಟ್ಟಿಯ ಸುದ್ದಿಯೇ ಇಲ್ಲ. ಕಥೆ ಮೊದಲು ಕಾಣುವುದು ಸಂತ ನಿಯೋಟ್‌ನ ಮಹಿಮೆ ಹೇಳುವ, ಮುಂದಿನ ಶತಮಾನದ ಒಂದು ಬರಹದಲ್ಲಿ. 1574ರಲ್ಲಿ ಆರ್ಚ್‌ಬಿಷಪ್ ಮ್ಯಾಥ್ಯೂ ಪಾರ್ಕರ್ ಆಸರ್‌ನ ಕೃತಿಯನ್ನು ಅಚ್ಚು ಹಾಕಿಸುವಾಗ ಬೇರೆ ಕಡೆಯಿಂದ ಈ ಪ್ರಸಂಗವನ್ನು ತಂದು ಅದರೊಳಗೆ ಸೇರಿಸಿದರು. 1731ರಲ್ಲಿ ಕಾಟನ್ ಮನೆತನದವರು ಕೂಡಿಸಿದ್ದ ಗ್ರಂಥಸಂಗ್ರಹಕ್ಕೆ ಬೆಂಕಿ ಬಿದ್ದಾಗ ಆಸರ್‌ನ ಮೂಲ ಹಸ್ತಪ್ರತಿಯೂ ಸುಟ್ಟುಹೋಯಿತು. ತಾಳೆ ನೋಡಲು ಮೂಲವೇ ಇಲ್ಲದ ಮೇಲೆ ಸೇರಿಸಿದ್ದೂ ಮೂಲವೇ ಆಗಿ ಚಲಾವಣೆಗೆ ಬಂತು. ಉಳಿದ ನಕಲುಗಳನ್ನು ಜಾಲಾಡಿ, ಯಾವುದು ಆಸರ್‌ನ ಮಾತು ಯಾವುದು ಹೊರಗಿನದು ಎಂದು ಬೇರ್ಪಡಿಸಿದ ಪ್ರೌಢ ಆವೃತ್ತಿ ಬಂದದ್ದು 1904ರಲ್ಲಿ. ಆರ್ಚ್‌ಬಿಷಪ್ಪರ ಮನಸ್ಸಿನಲ್ಲಿ ಕೆಟ್ಟ ಉದ್ದೇಶವೇನೂ ಇರಲಿಕ್ಕಿಲ್ಲ, ಪುಸ್ತಕ ತುಂಬಿಕೊಳ್ಳಲಿ ಎಂದಿರಬೇಕು. ತನಿಖೆಯಲ್ಲಿ ನನಗೆ ಕಳ್ಳರಿಗಿಂತ ಹೆಚ್ಚು ಕಾಟ ಕೊಟ್ಟವರು ಇಂಥ ಸದುದ್ದೇಶದ ಜನರೇ.

ಹಾಗೆಂದು ಸನ್ಯಾಸಿಗಳ ವೃತ್ತಾಂತಗಳನ್ನೆಲ್ಲ ಕಟ್ಟಿ ಅಟ್ಟಕ್ಕೆ ಎಸೆಯಬೇಕು ಎಂದು ಕಳೆದ ವಾರ ಇದೇ ಅಂಕಣದಲ್ಲಿ ಒಬ್ಬರು ಬರೆದದ್ದನ್ನೂ ನಾನು ಒಪ್ಪುವುದಿಲ್ಲ. ಜಾರೋ ಮಠದ ಬೀಡ್ 731ರಲ್ಲಿ ಇಂಗ್ಲಿಷ್ ಜನರ ಕ್ರೈಸ್ತಧರ್ಮದ ಇತಿಹಾಸವನ್ನು ಮುಗಿಸಿದಾಗ ಮುನ್ನುಡಿಯಲ್ಲಿ ಏನು ಮಾಡಿದ ನೋಡಿ: ಯಾವ ಸೀಮೆಯ ಸಂಗತಿ ಯಾರಿಂದ ತಿಳಿಯಿತು ಎಂದು ಹೆಸರು ಹಿಡಿದು ಹೇಳಿದ. ಕೆಂಟ್ ಪ್ರಾಂತದ ವಿಷಯಗಳು ಕ್ಯಾಂಟರ್ಬರಿಯ ಮಠಾಧೀಶ ಆಲ್ಬಿನಸ್‌ನಿಂದ ಬಂದವು. ನಾತ್‌ಹೆಲ್ಮ್ ಎಂಬ ಲಂಡನ್ನಿನ ಪಾದ್ರಿ ರೋಮಿಗೆ ಹೋಗಿ, ಪೋಪರ ದಫ್ತರದಲ್ಲಿದ್ದ ಹಳೆಯ ಪತ್ರಗಳನ್ನು ಹುಡುಕಿ ತಂದುಕೊಟ್ಟ. ಎಂಟನೆಯ ಶತಮಾನದ ಮನುಷ್ಯ ತನ್ನ ವೋಚರುಗಳನ್ನು ತಾನೇ ಲಗತ್ತಿಸಿದ್ದಾನೆ! ಅವನಿಗೂ ಪಕ್ಷಪಾತವಿತ್ತು, ಬ್ರಿಟನ್ನಿನ ಮೂಲನಿವಾಸಿ ಕ್ರೈಸ್ತರನ್ನು ಕಂಡರೆ ಅವನಿಗೆ ಆಗುತ್ತಿರಲಿಲ್ಲ. ಪವಾಡಗಳನ್ನೂ ಧಾರಾಳವಾಗಿ ಸೇರಿಸಿದ. ಆದರೂ ಎಲ್ಲಿಂದ ಬಂತು ಎಂದು ಹೇಳುವವನನ್ನು ಪ್ರಶ್ನಿಸಬಹುದು, ಹೇಳದವನನ್ನು ಪ್ರಶ್ನಿಸುವುದಾದರೂ ಹೇಗೆ?

ಇನ್ನು ನನ್ನ ಪ್ರೀತಿಯ ವಿಷಯಕ್ಕೆ ಬರುತ್ತೇನೆ. 1085ರ ಕ್ರಿಸ್‌ಮಸ್‌ಗೆ, ನಾರ್ಮಂಡಿಯಿಂದ ಬಂದು ಇಂಗ್ಲೆಂಡನ್ನು ಗೆದ್ದಿದ್ದ ವಿಲಿಯಂ ದೊರೆ ಗ್ಲಾಸ್ಟರ್‌ನಲ್ಲಿ ಸಭೆ ಸೇರಿಸಿ, ಇಡೀ ಇಂಗ್ಲೆಂಡಿನ ಭೂಮಿಯನ್ನು ಲೆಕ್ಕಕ್ಕೆ ಹಿಡಿಯಲು ಅಪ್ಪಣೆ ಕೊಟ್ಟ. ಮರುವರ್ಷ ನಡೆದ ಆ ಸಮೀಕ್ಷೆಯೇ ಡೂಮ್ಸ್‌ಡೇ ಪುಸ್ತಕ. ಪ್ರತಿ ಹಳ್ಳಿಯಿಂದ ಪಾದ್ರಿ, ಮೇಟಿ ಮತ್ತು ಆರು ಜನ ಒಕ್ಕಲು ಮಕ್ಕಳು ಪ್ರಮಾಣ ಮಾಡಿ ಹೇಳಬೇಕಿತ್ತು: ವಿಲಿಯಂಗಿಂತ ಮೊದಲು ಆಳಿದ ಎಡ್ವರ್ಡ್ ದೊರೆಯ ಕಾಲದಲ್ಲಿ ಈ ಭೂಮಿ ಯಾರದಿತ್ತು, ಈಗ ಯಾರದು, ಎಷ್ಟು ನೇಗಿಲು, ಎಷ್ಟು ಗಿರಣಿ, ಎಷ್ಟು ಹುಲ್ಲುಗಾವಲು, ಆಗ ಬೆಲೆ ಎಷ್ಟು, ಈಗ ಎಷ್ಟು. 13,000ಕ್ಕೂ ಹೆಚ್ಚು ಸ್ಥಳಗಳ ಹೆಸರು ಇದರಲ್ಲಿವೆ. ಇದರ ಬಗ್ಗೆ ಆಂಗ್ಲೋ-ಸ್ಯಾಕ್ಸನ್ ಕ್ರಾನಿಕಲ್ ಎಂಬ ವರ್ಷವಾರು ವೃತ್ತಾಂತ ಬರೆದ ಸನ್ಯಾಸಿಗೆ ಮೈಯೆಲ್ಲ ಉರಿದಿದೆ. ಒಂದು ತುಂಡು ನೆಲವನ್ನೂ ಬಿಡಲಿಲ್ಲ, ಹೇಳಲು ನಾಚಿಕೆಯಾಗುತ್ತದೆ, ಮಾಡಿದವನಿಗೆ ಮಾತ್ರ ಆಗಲಿಲ್ಲ, ಒಂದು ಎತ್ತು, ಒಂದು ಹಸು, ಒಂದು ಹಂದಿಯನ್ನೂ ಬಿಡದೆ ಬರೆಸಿಕೊಂಡ ಎಂದು ಅವನ ಅಳಲು. ನಿಮ್ಮ ಎರಡನೆಯ ಕಂತಿನಲ್ಲಿ ಈ ಮಾತನ್ನು ಉಲ್ಲೇಖಿಸಿ, ಡೂಮ್ಸ್‌ಡೇ ಪುಸ್ತಕದಲ್ಲಿ ಇಂಗ್ಲೆಂಡಿನ ಪ್ರತಿಯೊಂದು ಹಂದಿಯ ಲೆಕ್ಕವೂ ಇದೆ ಎಂದಿದ್ದೀರಿ.

ಸ್ವಾಮಿ, ಪುಸ್ತಕ ಬಿಚ್ಚಿ ನೋಡಬೇಕಿತ್ತು. ಡೂಮ್ಸ್‌ಡೇ ಎಂದರೆ ಒಂದಲ್ಲ, ಎರಡು ಸಂಪುಟ. ಎಸೆಕ್ಸ್, ಸಫೋಕ್, ನಾರ್ಫೋಕ್ ಮೂರು ಜಿಲ್ಲೆಗಳ ವಿವರ 'ಕಿರಿಯ ಡೂಮ್ಸ್‌ಡೇ'ಯಲ್ಲಿದೆ. ಅದರಲ್ಲಿ ಹಂದಿ, ಕುರಿ, ಮೇಕೆ, ಜೇನುಗೂಡು ಎಲ್ಲವೂ ಸಾಲಾಗಿ ಸಿಗುತ್ತವೆ. ಉಳಿದ ಜಿಲ್ಲೆಗಳ 'ಹಿರಿಯ ಡೂಮ್ಸ್‌ಡೇ'ಯನ್ನು ಬಹುಪಾಲು ಒಬ್ಬನೇ ಬರಹಗಾರ ಬರೆದಿದ್ದಾನೆ. ತಳಮಟ್ಟದಿಂದ ಬಂದ ವರದಿಗಳನ್ನು ಸಂಕ್ಷೇಪಿಸಿ ಶುದ್ಧಪ್ರತಿ ಮಾಡುವಾಗ ಅವನು ಜಾನುವಾರುಗಳ ಲೆಕ್ಕವನ್ನು ಕೈಬಿಟ್ಟ. ಅದು ನಮಗೆ ಗೊತ್ತಾಗುವುದು ಎಕ್ಸಿಟರ್‌ನಲ್ಲಿ ಉಳಿದುಕೊಂಡಿರುವ ನೈಋತ್ಯ ಜಿಲ್ಲೆಗಳ ಕರಡಿನಿಂದ. ಅದೇ ಊರು, ಅದೇ ಜಮೀನು: ಕರಡಿನಲ್ಲಿ ಕುರಿಗಳಿವೆ, ಶುದ್ಧಪ್ರತಿಯಲ್ಲಿ ಇಲ್ಲ. ಎಂದರೆ ಸನ್ಯಾಸಿ ಹೇಳಿದ್ದು ಸುಳ್ಳಲ್ಲ, ಅಧಿಕಾರಿಗಳು ಹಂದಿಯನ್ನು ನಿಜವಾಗಿಯೂ ಎಣಿಸಿದರು. ಅಂತಿಮ ಪ್ರತಿಯಲ್ಲಿ ಮಾತ್ರ ಹಂದಿ ಉಳಿಯಲಿಲ್ಲ. ಬರಿಯ ವೃತ್ತಾಂತ ಓದಿದವರು ಹಂದಿ ಇದೆ ಎನ್ನುತ್ತಾರೆ. ಬರಿಯ ಹಿರಿಯ ಸಂಪುಟ ಓದಿದವರು ಸನ್ಯಾಸಿ ಬಾಯಿಗೆ ಬಂದದ್ದು ಹೇಳಿದ ಎನ್ನುತ್ತಾರೆ. ಕರಡನ್ನೂ ಪಕ್ಕಕ್ಕಿಟ್ಟುಕೊಂಡವರಿಗೆ ಮಾತ್ರ ನಡೆದದ್ದು ಏನೆಂದು ಗೊತ್ತಾಗುತ್ತದೆ. ಅಂದಹಾಗೆ ಇಡೀ ಇಂಗ್ಲೆಂಡ್ ಎಂಬ ಮಾತೂ ಸಡಿಲವೇ. ಲಂಡನ್ ಮತ್ತು ವಿಂಚೆಸ್ಟರ್ ಪಟ್ಟಣಗಳ ವಿವರ ಅದರಲ್ಲಿಲ್ಲ, ಉತ್ತರದ ಡರಮ್ ಮತ್ತು ನಾರ್ತಂಬರ್‌ಲ್ಯಾಂಡ್ ಕೂಡ ಇಲ್ಲ.

ಅದೇ ಪುಸ್ತಕದ ಯಾರ್ಕ್‌ಷೈರ್ ಭಾಗದಲ್ಲಿ ಹಳ್ಳಿಯ ಮೇಲೆ ಹಳ್ಳಿಗೆ 'ಪಾಳು' ಎಂಬ ಷರಾ ಬರುತ್ತದೆ. 1069-70ರ ಚಳಿಗಾಲದಲ್ಲಿ ದಂಗೆ ಅಡಗಿಸಲು ವಿಲಿಯಂ ಉತ್ತರ ಸೀಮೆಯನ್ನು ಸುಟ್ಟು ಹಾಳುಗೆಡವಿದ. ಒಂದು ಲಕ್ಷ ಜನ ಹಸಿವಿನಿಂದ ಸತ್ತರು ಎಂದು ಆರ್ಡರಿಕ್ ವಿಟಾಲಿಸ್ ಎಂಬ ಸನ್ಯಾಸಿ ಬರೆದ. ಆರ್ಡರಿಕ್ ಹುಟ್ಟಿದ್ದು 1075ರಲ್ಲಿ, ಬರೆದದ್ದು ನಾರ್ಮಂಡಿಯ ಮಠದಲ್ಲಿ ಕುಳಿತು, ದಶಕಗಳ ನಂತರ. ಒಂದು ಲಕ್ಷ ಎಂಬುದು ಎಣಿಸಿದ ಅಂಕಿಯಲ್ಲ, ಹೊಟ್ಟೆ ಉರಿದು ಹೇಳಿದ ಅಂಕಿ. ಹಾಗಾದರೆ ಡೂಮ್ಸ್‌ಡೇಯ ಪಾಳು ಗಟ್ಟಿ ಪುರಾವೆಯೇ? ಅಲ್ಲಿಯೂ ತಜ್ಞರಲ್ಲಿ ಒಮ್ಮತವಿಲ್ಲ. ಕೆಲವು ಕಡೆ ಅದು ಸುಟ್ಟ ಊರು, ಕೆಲವು ಕಡೆ ಕಂದಾಯ ಬಾರದ ಊರು, ಇನ್ನು ಕೆಲವು ಕಡೆ ಅಧಿಕಾರಿಗೆ ವಿವರವೇ ಸಿಗದ ಊರು ಇರಬಹುದು ಎಂಬ ವಾದಗಳಿವೆ. ಕಾಲಮ್ಮಿನಲ್ಲಿ ಸೊನ್ನೆ ಕಂಡಾಗ ಅದು ಇಲ್ಲದ್ದಕ್ಕೆ ಹಾಕಿದ ಸೊನ್ನೆಯೋ, ನೋಡದ್ದಕ್ಕೆ ಹಾಕಿದ ಸೊನ್ನೆಯೋ ಎಂದು ಕೇಳುವುದು ನಮ್ಮ ಇಲಾಖೆಯ ಮೊದಲ ಪಾಠ. ಆದರೂ ನೂರಾರು ಹಳ್ಳಿಗಳ ಮುಂದೆ ಒಂದೇ ಷರಾ ಬಿದ್ದಿರುವುದನ್ನು ನೋಡಿದರೆ, ಅಂಕಿ ತಪ್ಪಿದರೂ ಆರ್ಡರಿಕ್‌ನ ಸಂಕಟಕ್ಕೆ ಆಧಾರವಿತ್ತು ಎಂದೇ ನನ್ನ ಅಭಿಪ್ರಾಯ.

ನಿಮ್ಮ ಲೇಖಕರು ಖಜಾನೆಯ ಸುರುಳಿಗಳನ್ನು 'ನೀರಸ ಲೆಕ್ಕಪತ್ರ' ಎಂದು ಒಂದೇ ಮಾತಿನಲ್ಲಿ ತಳ್ಳಿಹಾಕಿದ್ದಾರೆ. ಇಲ್ಲಿ ನನಗೆ ಸ್ವಲ್ಪ ಸಿಟ್ಟೇ ಬಂತು. ಖಜಾನೆಯ ವಾರ್ಷಿಕ ಲೆಕ್ಕದ ಸುರುಳಿಗೆ ಪೈಪ್ ರೋಲ್ ಎಂದು ಹೆಸರು, ಉಳಿದಿರುವ ಅತ್ಯಂತ ಹಳೆಯದು 1130ರದು. ಎರಡನೆಯ ಹೆನ್ರಿಯ ಆಳ್ವಿಕೆಯ ಆರಂಭದಿಂದ ಆ ಸರಣಿ ಹೆಚ್ಚುಕಡಿಮೆ ಕಡಿಯದೆ ಹತ್ತೊಂಬತ್ತನೆಯ ಶತಮಾನದವರೆಗೂ ನಡೆದು ಬಂದಿದೆ. ಖಜಾನೆಯ ಕೆಲಸ ಹೇಗೆ ನಡೆಯುತ್ತಿತ್ತು ಎಂದು ಖಜಾಂಚಿ ರಿಚರ್ಡ್ ಫಿಟ್ಸ್‌ನೀಲ್ 1170ರ ದಶಕದ ಕೊನೆಯಲ್ಲಿ ಬರೆದಿಟ್ಟ. ಹತ್ತು ಅಡಿ ಉದ್ದ, ಐದು ಅಡಿ ಅಗಲದ ಮೇಜು, ಮೇಲೆ ಗೆರೆ ಎಳೆದ ಕಪ್ಪು ಬಟ್ಟೆ, ಗೆರೆಗಳ ನಡುವೆ ಸರಿದಾಡುವ ಬಿಲ್ಲೆಗಳು. ಒಂದು ಕಡೆ ತನ್ನ ಜಿಲ್ಲೆಯ ವಸೂಲಿಗೆ ಉತ್ತರ ಹೇಳಬೇಕಾದ ಶೆರಿಫ್, ಇನ್ನೊಂದು ಕಡೆ ರಾಜನ ಅಧಿಕಾರಿಗಳು. ಓದು ಬಾರದ ಶೆರಿಫ್‌ಗೂ ತನ್ನ ಬಾಕಿ ಎಷ್ಟೆಂದು ಕಣ್ಣಿಗೆ ಕಾಣಬೇಕು, ಅಂಥ ಏರ್ಪಾಡು. ಹಣ ಕಟ್ಟಿದ್ದಕ್ಕೆ ರಸೀದಿ ಎಂದರೆ ಮರದ ಕಡ್ಡಿ. ಅದರ ಮೇಲೆ ಸಾವಿರ ಪೌಂಡಿಗೆ ಅಂಗೈಯಷ್ಟು ಅಗಲದ ಕಚ್ಚು, ನೂರಕ್ಕೆ ಹೆಬ್ಬೆರಳಿನಷ್ಟು, ಇಪ್ಪತ್ತಕ್ಕೆ ಕಿರುಬೆರಳಿನಷ್ಟು, ಒಂದು ಪೌಂಡಿಗೆ ಬಲಿತ ಬಾರ್ಲಿ ಕಾಳಿನಷ್ಟು. ಕಡ್ಡಿಯನ್ನು ಉದ್ದಕ್ಕೆ ಸೀಳಿ, ಕಟ್ಟಿದವನಿಗೆ ಒಂದು ಹೋಳು, ಖಜಾನೆಗೆ ಒಂದು ಹೋಳು. ಎರಡನ್ನೂ ಜೋಡಿಸಿದಾಗ ಕಚ್ಚುಗಳು ಕೂಡದಿದ್ದರೆ ಯಾರೋ ಕೈಯಾಡಿಸಿದ್ದಾರೆ ಎಂದೇ ಅರ್ಥ. ಸುರುಳಿಗಳಿಗೆ ಕುರಿಯ ಚರ್ಮವೇ ಏಕೆ ಎಂಬುದಕ್ಕೂ ಫಿಟ್ಸ್‌ನೀಲ್ ಕಾರಣ ಕೊಡುತ್ತಾನೆ. ಕುರಿಚರ್ಮದ ಮೇಲೆ ಬರೆದದ್ದನ್ನು ಕೆರೆದು ತಿದ್ದಿದರೆ ಗುರುತು ಉಳಿಯುತ್ತದೆ. ಇದನ್ನು ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ ಎಂದರೆ ನನ್ನ ಹೆಂಡತಿ ನಗುತ್ತಾಳೆ, ನಗಲಿ.

ಈ ಕಡ್ಡಿಗಳ ಹಳೆಯ ರಾಶಿಯನ್ನು 1834ರಲ್ಲಿ ಸಂಸತ್ ಭವನದ ಒಲೆಗಳಲ್ಲಿ ಸುಡಲು ಹೋಗಿ ಭವನದ ಬಹುಭಾಗವನ್ನೇ ಸುಟ್ಟುಕೊಂಡರು. ದಾಖಲೆ ವಿಲೇವಾರಿಗೆ ಸರಿಯಾದ ವಿಧಾನ ಬೇಕು ಎನ್ನಲು ಇದಕ್ಕಿಂತ ದೊಡ್ಡ ನಿದರ್ಶನ ನನಗೆ ಗೊತ್ತಿಲ್ಲ.

ನೀರಸ ಎನ್ನುವವರಿಗೆ ಇನ್ನೊಂದು. ಜಾನ್ ದೊರೆಯ ಕಾಲದ ಒಂದು ಸುರುಳಿಯಲ್ಲಿ, ದೊರೆಯ ಅಧಿಕಾರಿ ಹ್ಯೂ ಡಿ ನೆವಿಲ್‌ನ ಹೆಂಡತಿ ತನ್ನ ಗಂಡನ ಜೊತೆ ಒಂದು ರಾತ್ರಿ ಮಲಗುವ ಸಲುವಾಗಿ ದೊರೆಗೆ 200 ಕೋಳಿಗಳನ್ನು ಕೊಡಲು ಒಪ್ಪಿದ್ದಾಳೆ ಎಂಬ ನಮೂದಿದೆ. ಅದು ಆಸ್ಥಾನದ ತಮಾಷೆಯೋ, ದೊರೆಯ ಕ್ರೌರ್ಯವೋ ಎಂದು ವಿದ್ವಾಂಸರು ಇಂದಿಗೂ ಜಗಳವಾಡುತ್ತಾರೆ. ಯಾವ ಸನ್ಯಾಸಿಯೂ ಇದನ್ನು ತನ್ನ ವೃತ್ತಾಂತದಲ್ಲಿ ಬರೆಯುತ್ತಿರಲಿಲ್ಲ. ಗುಮಾಸ್ತ ಬರೆದ, ಏಕೆಂದರೆ ಕೋಳಿ ಬಾಕಿ ಇತ್ತು. ಹಾಗೆಯೇ ರಾಜನ ಕಚೇರಿಯಲ್ಲಿ ಪತ್ರಗಳಿಗೆ ಮುದ್ರೆ ಒತ್ತಲು ಬಳಸಿದ ಮೇಣದ ಲೆಕ್ಕ. 1220ರ ದಶಕದ ಕೊನೆಯಲ್ಲಿ ವಾರಕ್ಕೆ ಮೂರೂವರೆ ಪೌಂಡು ತೂಕದ ಆಸುಪಾಸು ಇದ್ದದ್ದು, 1260ರ ದಶಕದ ಕೊನೆಗೆ 32 ಪೌಂಡಿನ ಹತ್ತಿರ ಬಂತು. ಕಾಗದಪತ್ರದ ಆಡಳಿತ ನಲವತ್ತು ವರ್ಷದಲ್ಲಿ ಹೇಗೆ ಉಬ್ಬಿತು ಎಂಬುದನ್ನು ಯಾವ ಚರಿತ್ರಕಾರನೂ ನಮಗೆ ಹೇಳಲಿಲ್ಲ, ಮೇಣದ ಲೆಕ್ಕ ಹೇಳಿತು.

ವೃತ್ತಾಂತ ಮತ್ತು ದಫ್ತರ ಎರಡೂ ಒಂದೇ ಸಂಗತಿಯ ಬಗ್ಗೆ ಮಾತಾಡುವ ಗಳಿಗೆಗಳು ಅಪರೂಪ, ಆದರೆ ಸಿಕ್ಕಾಗ ಎಷ್ಟು ಚೆಂದ. 1255ರಲ್ಲಿ ಫ್ರಾನ್ಸಿನ ಒಂಬತ್ತನೆಯ ಲೂಯಿ ಇಂಗ್ಲೆಂಡಿನ ಮೂರನೆಯ ಹೆನ್ರಿಗೆ ಒಂದು ಆನೆಯನ್ನು ಉಡುಗೊರೆ ಕೊಟ್ಟ. ಸೇಂಟ್ ಆಲ್ಬನ್ಸ್ ಮಠದ ಮ್ಯಾಥ್ಯೂ ಪ್ಯಾರಿಸ್ ಅದನ್ನು ಕಂಡು ಚಿತ್ರ ಬರೆದ. ಪಕ್ಕದಲ್ಲಿ ಮಾವುತನನ್ನೂ ನಿಲ್ಲಿಸಿದ, ಎತ್ತರ ತಿಳಿಯಲಿ ಎಂದು. ಆನೆಗೆ ಮೊಣಕಾಲಿನ ಕೀಲೇ ಇಲ್ಲ ಎಂದು ಅಂದಿನ ಪಶುಗ್ರಂಥಗಳು ಹೇಳುತ್ತಿದ್ದವು, ಮ್ಯಾಥ್ಯೂ ತನ್ನ ಚಿತ್ರದಲ್ಲಿ ಕೀಲುಗಳನ್ನು ತೋರಿಸಿದ. ಗ್ರಂಥಕ್ಕಿಂತ ಕಣ್ಣನ್ನು ನಂಬಿದ ಎಂಬುದಕ್ಕೆ ಅವನಿಗೆ ಪೂರ್ತಿ ಅಂಕ. ಇತ್ತ ಆಡಳಿತದ ಸುರುಳಿಯಲ್ಲಿ ಅದೇ ಆನೆಗಾಗಿ ಲಂಡನ್ನಿನ ಶೆರಿಫರಿಗೆ ಹೋದ ಆದೇಶವಿದೆ: ನಮ್ಮ ಆನೆಗೆ ಟವರ್ ಕೋಟೆಯಲ್ಲಿ 40 ಅಡಿ ಉದ್ದ, 20 ಅಡಿ ಅಗಲದ ಮನೆ ಕಟ್ಟಿಸಿ, ಬೇಕಾದಾಗ ಬೇರೆ ಉಪಯೋಗಕ್ಕೂ ಬರುವಷ್ಟು ಗಟ್ಟಿಯಾಗಿರಲಿ. ಆನೆ ಹೆಚ್ಚು ದಿನ ಬಾಳುವುದಿಲ್ಲ ಎಂದು ಆ ಗುಮಾಸ್ತನಿಗೆ ಮೊದಲೇ ವಾಸನೆ ಬಡಿದಿತ್ತೋ ಏನೋ. 1257ರಲ್ಲಿ ಆನೆ ಸತ್ತಿತು. ಸನ್ಯಾಸಿಯಿಂದ ಆನೆಯ ರೂಪ ಸಿಕ್ಕಿತು, ಗುಮಾಸ್ತನಿಂದ ಖರ್ಚಿನ ಅಂದಾಜು ಸಿಕ್ಕಿತು. ಎರಡನ್ನೂ ಒಟ್ಟಿಗೆ ಓದಿದರೆ ಮೂರನೆಯ ಹೆನ್ರಿಯ ಆಸ್ಥಾನವೇ ಎದುರಿಗೆ ಬಂದು ನಿಲ್ಲುತ್ತದೆ.

ಇದೇ ಮ್ಯಾಥ್ಯೂ ಪ್ಯಾರಿಸ್, ಆನೆ ಬಂದ 1255ರಲ್ಲೇ ಲಿಂಕನ್ ಪಟ್ಟಣದಲ್ಲಿ ಸತ್ತ ಹ್ಯೂ ಎಂಬ ಹುಡುಗನ ವಿಷಯದಲ್ಲಿ ಯೆಹೂದಿಗಳ ಮೇಲೆ ಹೊರಿಸಿದ ಕೊಲೆಯ ಕಟ್ಟುಕಥೆಯನ್ನು ವಿವರವಾಗಿ ಬರೆದು ಹರಡಿದ. ಆ ಸುಳ್ಳಿನ ಬೆನ್ನಲ್ಲಿ 19 ಯೆಹೂದಿಗಳನ್ನು ಗಲ್ಲಿಗೇರಿಸಲಾಯಿತು. ಆನೆಯ ಮೊಣಕಾಲನ್ನು ಅಷ್ಟು ಎಚ್ಚರದಿಂದ ನೋಡಿದ ಕಣ್ಣು ಇದನ್ನು ನೋಡಲೇ ಇಲ್ಲ. ನಂಬಿಕಸ್ಥ ಲೇಖಕ ಎಂಬ ಪ್ರಮಾಣಪತ್ರವನ್ನು ಒಬ್ಬನಿಗೆ ಒಮ್ಮೆ ಕೊಟ್ಟು ಸುಮ್ಮನಾಗುವಂತಿಲ್ಲ. ಪುಟಪುಟಕ್ಕೂ ತನಿಖೆಯಾಗಬೇಕು.

ದಫ್ತರಗಳು ಸತ್ಯಹರಿಶ್ಚಂದ್ರನ ವಂಶದವು ಎಂದು ನಾನು ಹೇಳುತ್ತಿದ್ದೇನೆ ಎಂದುಕೊಳ್ಳಬೇಡಿ. 1377ರ ತಲೆಗಂದಾಯದಲ್ಲಿ ಸುಮಾರು 13.6 ಲಕ್ಷ ಜನ ತೆರಿಗೆ ಕಟ್ಟಿದರು. 1381ರಲ್ಲಿ ಆ ಸಂಖ್ಯೆ ಸುಮಾರು 9 ಲಕ್ಷ. ನಾಲ್ಕು ವರ್ಷದಲ್ಲಿ ಇಂಗ್ಲೆಂಡಿನ ಮೂರನೆಯ ಒಂದು ಪಾಲು ಜನ ಮಾಯವಾಗುವಂಥ ಮಹಾಮಾರಿ ಆಗ ಬಂದಿರಲಿಲ್ಲ. ಬಂದದ್ದು ತಲೆಗೆ ಒಂದು ಷಿಲ್ಲಿಂಗಿನ ದರ. ಪಟ್ಟಿಗಳಲ್ಲಿ ಮದುವೆಯಾಗದ ಹೆಣ್ಣುಮಕ್ಕಳು, ವಿಧವೆ ತಾಯಂದಿರು ಇದ್ದಕ್ಕಿದ್ದಂತೆ ಕಾಣೆಯಾಗಿದ್ದಾರೆ. ಸರ್ಕಾರಿ ಮೊಹರು ಇರುವ, ಸಾಲು ತಪ್ಪದ, ಕೂಡಿಸಿದರೆ ಮೊತ್ತ ಸರಿಯಾಗಿ ಬರುವ ಪಟ್ಟಿ, ಮತ್ತು ಅಪ್ಪಟ ಸುಳ್ಳು! ಸುಳ್ಳೆಂದು ತಿಳಿದ ಸರ್ಕಾರ ಮರುತನಿಖೆಗೆ ಅಧಿಕಾರಿಗಳನ್ನು ಕಳಿಸಿತು. ಅದೇ ಕಿಡಿಯಿಂದ 1381ರ ರೈತ ದಂಗೆ ಹೊತ್ತಿಕೊಂಡಿತು.

ಆ ದಂಗೆಯ ವೃತ್ತಾಂತಗಳೆಲ್ಲ ದಂಗೆಕೋರರನ್ನು ದ್ವೇಷಿಸಿದವರು ಬರೆದವು. ಸೇಂಟ್ ಆಲ್ಬನ್ಸ್‌ನ ಥಾಮಸ್ ವಾಲ್ಸಿಂಗಮ್‌ಗೆ ಅವರು ಮನುಷ್ಯರೇ ಅಲ್ಲ. ರೈತರು ತಮ್ಮ ಮಾತನ್ನು ತಾವು ಬರೆದಿಡಲಿಲ್ಲ. ಆದರೆ ಬರಹದ ಬೆಲೆ ಅವರಿಗೆ ಗೊತ್ತಿತ್ತು: ಹೋದಲ್ಲೆಲ್ಲ ಜಮೀನ್ದಾರಿ ನ್ಯಾಯಾಲಯದ ಸುರುಳಿಗಳನ್ನು ಹುಡುಕಿ ಸುಟ್ಟರು, ಏಕೆಂದರೆ ಯಾರ ಅಜ್ಜ ಜೀತದವನು, ಯಾರು ಎಷ್ಟು ಬಿಟ್ಟಿ ದುಡಿಯಬೇಕು ಎಂಬುದು ಅಲ್ಲಿತ್ತು. ಸೇಂಟ್ ಆಲ್ಬನ್ಸ್ ಪಟ್ಟಣದ ಜನ ಇನ್ನೊಂದನ್ನೂ ಕೇಳಿದರು. ಎಂಟನೆಯ ಶತಮಾನದ ಆಫಾ ದೊರೆಯ ಕಾಲದ ಒಂದು ಸನ್ನದು ಇದೆ, ಅದರ ದಪ್ಪಕ್ಷರಗಳಲ್ಲಿ ಒಂದು ಚಿನ್ನದ್ದು, ಒಂದು ನೀಲಿಯದು, ನಮ್ಮ ಹಕ್ಕುಗಳೆಲ್ಲ ಅದರಲ್ಲಿವೆ, ತೆಗೆದುಕೊಡಿ ಎಂದರು. ಅಂಥದ್ದನ್ನು ಕೇಳಿಯೇ ಇಲ್ಲ ಎಂದ ಮಠಾಧೀಶ. ಬಹುಶಃ ಅದು ಎಂದೂ ಇರಲೇ ಇಲ್ಲ. ಆದರೆ ಆ ಮಠವೂ ಸೇರಿದಂತೆ ಎಷ್ಟೋ ಮಠಗಳು ತಮ್ಮ ಜಮೀನಿಗೆ ಹಳೆಯ ರಾಜರ ಹೆಸರಿನಲ್ಲಿ ಸನ್ನದುಗಳನ್ನು ತಾವೇ ಸೃಷ್ಟಿಸಿಕೊಂಡಿದ್ದವು. ಮಠದವರು ಚರ್ಮದ ಮೇಲೆ ಬರೆದು ಮಾಡಿದ್ದನ್ನು ರೈತರು ಮನಸ್ಸಿನಲ್ಲೇ ಮಾಡಿದರು, ಅಷ್ಟೇ ವ್ಯತ್ಯಾಸ. ಕ್ರೋಲ್ಯಾಂಡ್ ಮಠದಲ್ಲಂತೂ ಹನ್ನೊಂದನೆಯ ಶತಮಾನದ ಮಠಾಧೀಶ ಇಂಗಲ್ಫ್‌ನ ಹೆಸರಿನಲ್ಲಿ ಒಂದು ಇಡೀ ಇತಿಹಾಸವನ್ನೇ ಹದಿನೈದನೆಯ ಶತಮಾನದಲ್ಲಿ ಬರೆದಿಟ್ಟಿದ್ದರು. ಅದರಲ್ಲಿ ಇಂಗಲ್ಫ್ ತಾನು ಆಕ್ಸ್‌ಫರ್ಡಿನಲ್ಲಿ ಅರಿಸ್ಟಾಟಲ್‌ನನ್ನು ಓದಿದೆ ಎನ್ನುತ್ತಾನೆ. ಅವನ ಕಾಲಕ್ಕೆ ಅಲ್ಲಿ ವಿಶ್ವವಿದ್ಯಾಲಯವೇ ಇರಲಿಲ್ಲ. ಖೋಟಾ ಮಾಡುವವನು ಸಿಕ್ಕಿಬೀಳುವುದು ಯಾವಾಗಲೂ ಇಂಥ ಅನವಶ್ಯಕ ಜಂಬದಲ್ಲೇ.

ಇದೆಲ್ಲ ಪಂಡಿತರ ಕೂದಲು ಸೀಳುವ ಕೆಲಸ, ಓದುಗರಿಗೆ ಏಕೆ ಎಂದು ನೀವು ಕೇಳಬಹುದು. ಮೊದಲನೆಯ ಎಡ್ವರ್ಡ್ ದೊರೆಗೆ ಇದು ಪಂಡಿತರ ಕೆಲಸವಾಗಿರಲಿಲ್ಲ. 1291ರಲ್ಲಿ ಸ್ಕಾಟ್ಲೆಂಡಿನ ಸಿಂಹಾಸನ ಖಾಲಿ ಬಿದ್ದಾಗ, ಆ ದೇಶದ ಮೇಲೆ ತನಗೆ ಹಕ್ಕಿದೆ ಎಂದು ತೋರಿಸುವ ಸಂಗತಿ ನಿಮ್ಮ ವೃತ್ತಾಂತಗಳಲ್ಲಿ ಏನಿದೆ, ಹುಡುಕಿ ಕಳಿಸಿ ಎಂದು ಅವನು ಮಠಗಳಿಗೆ ಆದೇಶ ಹೊರಡಿಸಿದ. 1301ರಲ್ಲಿ ಪೋಪ್ ಎಂಟನೆಯ ಬೋನಿಫೇಸ್‌ಗೆ ಬರೆದ ಪತ್ರದಲ್ಲಿ ಟ್ರಾಯ್ ನಗರದಿಂದ ಬಂದ ಬ್ರೂಟಸ್‌ನ ಕಥೆಯನ್ನು ಹಕ್ಕಿನ ದಾಖಲೆಯಂತೆ ಮಂಡಿಸಿದ. ಬ್ರೂಟಸ್ ಹಿರಿಯ ಮಗನಿಗೆ ಇಂಗ್ಲೆಂಡನ್ನೂ ಕಿರಿಯನೊಬ್ಬನಿಗೆ ಸ್ಕಾಟ್ಲೆಂಡನ್ನೂ ಕೊಟ್ಟ, ಆದ್ದರಿಂದ ಹಿರಿಯನದೇ ಮೇಲುಗೈ ಎಂಬ ವಾದ. ಈ ಕಥೆ ಮಾನ್‌ಮತ್‌ನ ಜೆಫ್ರಿ 1136ರ ಸುಮಾರಿಗೆ ಬರೆದ ಪುಸ್ತಕದ್ದು. ಯಾರೋ ತಂದುಕೊಟ್ಟ ಹಳೆಯ ಪುಸ್ತಕದಿಂದ ಇದನ್ನು ಅನುವಾದಿಸಿದೆ ಎಂದು ಜೆಫ್ರಿ ಹೇಳಿಕೊಂಡ, ಆ ಪುಸ್ತಕವನ್ನು ಕಂಡವರಿಲ್ಲ. ಇದು ಕಟ್ಟುಕಥೆ ಎಂದು ನ್ಯೂಬರ್ಗ್‌ನ ವಿಲಿಯಂ ಎಂಬ ಚರಿತ್ರಕಾರ ಅದೇ ಶತಮಾನದ ಕೊನೆಗೆ ಬೀಡ್‌ನ ಜೊತೆ ತಾಳೆ ಹಾಕಿ ತೋರಿಸಿದ್ದ. ಯಾರು ಕೇಳಿದರು? ಸ್ಕಾಟರೂ ಸುಮ್ಮನಿರಲಿಲ್ಲ, ತಾವು ಈಜಿಪ್ಟಿನ ಫೇರೋ ದೊರೆಯ ಮಗಳು ಸ್ಕೋಟಾಳ ಸಂತತಿ ಎಂದು ಪೋಪರ ಮುಂದೆ ಪ್ರತಿವಾದ ಹೂಡಿದರು. ಎರಡು ಖೋಟಾ ವಂಶಾವಳಿಗಳು ರೋಮಿನಲ್ಲಿ ಎದುರುಬದುರು ಕುಳಿತಿದ್ದವು, ಇತ್ತ ಗಡಿಯಲ್ಲಿ ನಿಜವಾದ ಊರುಗಳು ಉರಿಯುತ್ತಿದ್ದವು.

ಆದ್ದರಿಂದ ನನ್ನ ಕೋರಿಕೆ ಸಣ್ಣದು. ಲೇಖನಮಾಲೆಯಲ್ಲಿ ಬರುವ ಪ್ರತಿ ಪ್ರಸಂಗದ ಕೆಳಗೆ ಒಂದೇ ಒಂದು ಸಾಲು ಹಾಕಿ: ಇದನ್ನು ಬರೆದವನು ಯಾರು, ಘಟನೆ ನಡೆದ ಎಷ್ಟು ವರ್ಷಕ್ಕೆ ಬರೆದ, ಯಾರ ಅನ್ನ ಉಂಡು ಬರೆದ. ಜಾಗವಿಲ್ಲ ಎನ್ನಬೇಡಿ, ಕನ್ಯೂಟ್‌ನ ಅಲೆಗಳ ಚಿತ್ರಕ್ಕೆ ಅರ್ಧ ಪುಟ ಕೊಟ್ಟಿದ್ದೀರಿ.

ಮುಂದೆ ಮೂರನೆಯ ರಿಚರ್ಡನ ಕಂತು ಬರಲಿದೆ ಎಂದು ಪ್ರಕಟಣೆ ನೋಡಿದೆ. ಅದರಲ್ಲಿ ಜಾನ್ ರೌಸ್‌ನ ಹೆಸರು ಬಂದೇ ಬರುತ್ತದೆ. ವಾರಿಕ್ ಸೀಮೆಯ ಈ ಪಾದ್ರಿ, ರಿಚರ್ಡ್ ಆಳುತ್ತಿದ್ದಾಗ ವಾರಿಕ್ ಮನೆತನದ ಒಂದು ಸಚಿತ್ರ ಸುರುಳಿಯಲ್ಲಿ ಅವನನ್ನು ನ್ಯಾಯವಂತ, ಪ್ರಜಾಪಾಲಕ ಎಂದು ಹೊಗಳಿದ. 1485ರಲ್ಲಿ ರಿಚರ್ಡ್ ಯುದ್ಧದಲ್ಲಿ ಸತ್ತು ಏಳನೆಯ ಹೆನ್ರಿ ಪಟ್ಟಕ್ಕೆ ಬಂದದ್ದೇ ತಡ, ತನ್ನ ಬಳಿ ಇದ್ದ ಲ್ಯಾಟಿನ್ ಪ್ರತಿಯನ್ನು ತಿದ್ದಿ ಹೊಗಳಿಕೆಯನ್ನು ತೆಗೆದುಹಾಕಿದ. ಇಂಗ್ಲಿಷ್ ಪ್ರತಿ ಅವನ ಕೈ ಮೀರಿ ಹೋಗಿತ್ತು, ಹೀಗಾಗಿ ಹೊಗಳಿಕೆ ಅದರಲ್ಲಿ ಇಂದಿಗೂ ಇದೆ. ಆಮೇಲೆ ಹೊಸ ದೊರೆಗೆ ಅರ್ಪಿಸಿದ ಇತಿಹಾಸದಲ್ಲಿ, ರಿಚರ್ಡ್ ತಾಯಿಯ ಹೊಟ್ಟೆಯಲ್ಲಿ ಎರಡು ವರ್ಷ ಇದ್ದು, ಹಲ್ಲು ಮತ್ತು ಭುಜದವರೆಗಿನ ಕೂದಲಿನ ಸಮೇತ ಹುಟ್ಟಿದ ಎಂದು ಬರೆದ. ಇಂಥವನ ಮಾತನ್ನು ಯಾರಾದರೂ ನಂಬುತ್ತಾರೆಯೇ ಎನ್ನಬೇಡಿ. ಅದೇ ಪುಸ್ತಕದಲ್ಲಿ ಅವನು ರಿಚರ್ಡನ ಬಲಭುಜ ಎಡಭುಜಕ್ಕಿಂತ ಎತ್ತರವಿತ್ತು ಎಂದೂ, ಅವನನ್ನು ಲೆಸ್ಟರ್‌ನ ಫ್ರಾನ್ಸಿಸ್ಕನ್ ಮಠದ ಚರ್ಚಿನಲ್ಲಿ ಗಾಯಕವೃಂದ ನಿಲ್ಲುವ ಜಾಗದಲ್ಲಿ ಹೂಳಿದರು ಎಂದೂ ಬರೆದಿದ್ದಾನೆ. 2012ರಲ್ಲಿ ಲೆಸ್ಟರ್‌ನ ಕಾರು ನಿಲುಗಡೆ ಜಾಗವೊಂದನ್ನು ಅಗೆದಾಗ ಅಸ್ಥಿಪಂಜರ ಸಿಕ್ಕಿದ್ದು ಆ ಚರ್ಚಿನ ಸರಿಯಾಗಿ ಅದೇ ಭಾಗದಲ್ಲಿ, ಬೆನ್ನುಮೂಳೆ ಪಕ್ಕಕ್ಕೆ ತಿರುಚಿಕೊಂಡಿತ್ತು. ರೌಸ್‌ನ ಹೊಗಳಿಕೆ, ತೆಗಳಿಕೆ ಎರಡನ್ನೂ ಇಸವಿಯ ಸಮೇತ ಅಕ್ಕಪಕ್ಕದ ಕಾಲಮ್‌ಗಳಲ್ಲಿ ಅಚ್ಚು ಹಾಕಬೇಕಾಗಿ ವಿನಂತಿ.

ಇಂತಿ ನಿಮ್ಮ ಓದುಗ,
ನಿವೃತ್ತ ಲೆಕ್ಕ ತನಿಖಾಧಿಕಾರಿ